ಮೂರೂವರೆ ಸೆಕೆಂಡಿನ ವಾದ್ಯಮೇಳ, ಹೊರಗುಳಿದ ತಮಟೆ

ಕಾಂಟ್ರಾ ಗೇಮ್ ಆಡಿ ಬೆಳೆದವರಿಗೆ ಅದರ ಮೊದಲ ಘಟ್ಟದ ಸಂಗೀತ ಇವತ್ತಿಗೂ ಬಾಯಿಗೆ ಬರುತ್ತದೆ. 1990ರ ದಶಕದಲ್ಲಿ ಚಿಕ್ಕಬಳ್ಳಾಪುರ, ಚಿಂತಾಮಣಿ, ಶಿಡ್ಲಘಟ್ಟ, ಗೌರಿಬಿದನೂರಿನಂಥ ಊರುಗಳಲ್ಲಿ ಟಿವಿ ಗೇಮ್ ಎಂದರೆ ಜಪಾನಿನ ನಿಂಟೆಂಡೊ ಕಂಪನಿಯ ಫ್ಯಾಮಿಕಾಮ್ ಯಂತ್ರದ ನಕಲು. ಟಿವಿಯ ಆಂಟೆನಾ ವೈರು ಕಿತ್ತು ಸಿಕ್ಕಿಸುವ ಡಬ್ಬಿ, ಅದರ ಮೇಲೆ ಒತ್ತಿ ಕೂರಿಸುವ ಕ್ಯಾಸೆಟ್. ಒಂದೇ ಕ್ಯಾಸೆಟ್ಟಿನಲ್ಲಿ ಮಾರಿಯೊ, ಕಾಂಟ್ರಾ ಎರಡೂ ಇರುತ್ತಿದ್ದವು. ಎರಡರ ಸಂಗೀತಕ್ಕೂ ಒಂದು ಮುಖ್ಯ ವ್ಯತ್ಯಾಸವಿದೆ. ಮೊದಲ ಮಾರಿಯೊದಲ್ಲಿ ಕೇಳಿಸುವುದೆಲ್ಲ ಚಿಪ್ಪು ಆ ಗಳಿಗೆಯಲ್ಲೇ ಹುಟ್ಟಿಸಿದ ಸದ್ದು. ಕಾಂಟ್ರಾದ ತಾಳದಲ್ಲಿ ಮಾತ್ರ ಮೊದಲೇ ಮುದ್ರಿಸಿ, ಹಿಂಡಿ, ಕ್ಯಾಸೆಟ್ಟಿನೊಳಗೆ ಅಡಗಿಸಿದ ಡ್ರಮ್ಮಿನ ಪೆಟ್ಟಿದೆ. ಅದೇ ಸ್ಯಾಂಪಲ್. ಹಳೆಯ ಗೇಮ್‌ಗಳಲ್ಲಿ ವಾದ್ಯಗಳು ಹೀಗೆ ಸ್ಯಾಂಪಲ್ಲಾಗಿ ಹೇಗೆ ಬಂದವು, ಬರುವಾಗ ಏನನ್ನು ಕಳೆದುಕೊಂಡವು, ಯಾವ ವಾದ್ಯಗಳಿಗೆ ಬಾಗಿಲು ತೆರೆಯಿತು, ನಮ್ಮ ಕಡೆಯ ವಾದ್ಯಗಳಿಗೆ ಏಕೆ ತೆರೆಯಲಿಲ್ಲ ಎಂಬುದನ್ನು ಒಟ್ಟಾಗಿ ನೋಡುವ ಪ್ರಯತ್ನ ಈ ಬರಹ.

ಸ್ಯಾಂಪಲ್ ಮಾಡುವುದೆಂದರೆ ಕಂಪನವನ್ನು ಕ್ಷಣಕ್ಷಣಕ್ಕೂ ಅಳೆದು ಅಂಕಿಗಳಾಗಿ ಬರೆದಿಡುವುದು. ಗೌರಿಬಿದನೂರಿನವರಿಗೆ ಕಂಪನ ಅಳೆಯುವ ಕೆಲಸ ಹೊಸದಲ್ಲ. ಭಾಭಾ ಅಣು ಸಂಶೋಧನಾ ಕೇಂದ್ರದ ಭೂಕಂಪನ ಮಾಪನ ಕೇಂದ್ರ ಅಲ್ಲಿ 1960ರ ದಶಕದಿಂದಲೂ ಇದೆ. ನೆಲದ ಅಲುಗಾಟ ನಿಧಾನವಾದ್ದರಿಂದ ಸೆಕೆಂಡಿಗೆ ಕೆಲವೇ ಹತ್ತು ಅಳತೆ ಸಾಕಾಗುತ್ತದೆ. ಸಂಗೀತಕ್ಕೆ ಸಾವಿರಾರು ಬೇಕು. ಸಿಡಿಯಲ್ಲಿ ಒಂದು ಸೆಕೆಂಡಿಗೆ 44,100 ಅಳತೆಗಳು, ಒಂದೊಂದಕ್ಕೂ 16 ಬಿಟ್. ಒಂದೇ ಕಿವಿಯ ಪಾಲು ಲೆಕ್ಕ ಹಾಕಿದರೂ ಸೆಕೆಂಡಿಗೆ ಸುಮಾರು 88 ಸಾವಿರ ಬೈಟ್ ಆಗುತ್ತದೆ. ಕಾಂಟ್ರಾ ಗೇಮಿನ ಚಿತ್ರ, ಶತ್ರುಗಳು, ಘಟ್ಟಗಳು, ಸಂಗೀತ ಎಲ್ಲ ಸೇರಿ 128 ಕಿಲೋಬೈಟ್. ಸಿಡಿ ಗುಣಮಟ್ಟದಲ್ಲಿ ಅಷ್ಟು ಜಾಗ ಒಂದೂವರೆ ಸೆಕೆಂಡಿನ ಸದ್ದಿಗೇ ಮುಗಿದುಹೋಗುತ್ತದೆ. ಹಳೆಯ ಗೇಮ್ ಸಂಗೀತದ ಕಥೆಯೆಲ್ಲ ಈ ಇಕ್ಕಟ್ಟಿನೊಳಗೇ ನಡೆದದ್ದು.

ಫ್ಯಾಮಿಕಾಮ್ ಚಿಪ್ಪಿನಲ್ಲಿ ಐದು ದನಿಗಳಿವೆ. ಎರಡು ಚೌಕ ಅಲೆ, ಒಂದು ತ್ರಿಕೋನ ಅಲೆ, ಒಂದು ಬರೀ ಭೋರೆನ್ನುವ ಗದ್ದಲ, ಐದನೆಯದು ಸ್ಯಾಂಪಲ್. ಈ ಐದನೆಯದು ಪ್ರತಿ ಅಳತೆಗೂ ಒಂದೇ ಬಿಟ್ ಬಳಸುತ್ತದೆ: ಅಲೆ ಮೇಲಕ್ಕೆ ಹೋಯಿತೇ, ಕೆಳಕ್ಕೆ ಬಂದಿತೇ ಎಂಬಷ್ಟು ಮಾತ್ರ ದಾಖಲು. ಅತಿ ವೇಗದಲ್ಲಿ ಓಡಿಸಿದರೆ ಸೆಕೆಂಡಿಗೆ 33 ಸಾವಿರ ಚಿಲ್ಲರೆ ಬಿಟ್, ಅಂದರೆ ಸುಮಾರು 4 ಕಿಲೋಬೈಟ್. ಒಂದು ಸ್ಯಾಂಪಲ್ 4,081 ಬೈಟ್ ಮೀರುವಂತಿಲ್ಲ. ಹಾಗಾಗಿ ಹೆಚ್ಚಿನವರು ಇದನ್ನು ಡ್ರಮ್ಮಿಗಷ್ಟೇ ಇಟ್ಟುಕೊಂಡರು. 1988ರ ಸೂಪರ್ ಮಾರಿಯೊ ಬ್ರದರ್ಸ್ 3ರ ತಾಳವಾದ್ಯಗಳು ಹೀಗೆ ಬಂದವು. ಸನ್‌ಸಾಫ್ಟ್ ಕಂಪನಿಯವರು ಮಾತ್ರ ಬೇರೆ ದಾರಿ ಹಿಡಿದರು. ಬಾಸ್ ಗಿಟಾರಿನ ಕೆಲವು ಸ್ವರಗಳನ್ನು ಸ್ಯಾಂಪಲ್ ಮಾಡಿ ಆ ಐದನೆಯ ದನಿಯಲ್ಲೇ ರಾಗದ ತಳಪಾಯ ಹಾಕಿದರು. ನವೋಕಿ ಕೊಡಾಕ ಅವರ ಸಂಗೀತವಿರುವ ಜರ್ನಿ ಟು ಸಿಲಿಯಸ್ (1990) ಕೇಳಿ ನೋಡಿ. ಅದೇ ಯಂತ್ರವೇ ಇದು ಎಂದು ನಂಬುವುದು ಕಷ್ಟ.

ನಮ್ಮೂರುಗಳಲ್ಲಿ ಈ ಸಂಗೀತ ಕೇಳಿಸಿದ ಬಗೆಯಲ್ಲಿ ಇನ್ನೊಂದು ವಿಶೇಷವಿತ್ತು. ಅದನ್ನು ಯಾರೂ ಆಗ ಗಮನಿಸಿರಲಾರರು, ಹೋಲಿಸಲು ಇನ್ನೊಂದು ಇರಲಿಲ್ಲವಲ್ಲ. ಜಪಾನ್ ಮತ್ತು ಅಮೆರಿಕದ ಟಿವಿಗಳು ಸೆಕೆಂಡಿಗೆ 60 ಬಾರಿ ಪರದೆ ಬಿಡಿಸುತ್ತಿದ್ದವು, ಭಾರತದ ಟಿವಿ 50 ಬಾರಿ. ಫ್ಯಾಮಿಕಾಮಿನ ಸಂಗೀತಕ್ಕೆ ಕಾಲಪ್ರಮಾಣ ಹೇಳುವುದೇ ಈ ಪರದೆಯ ಬಡಿತ. ಒಂದೊಂದು ಬಡಿತಕ್ಕೆ ಸಂಗೀತ ಒಂದೊಂದು ಹೆಜ್ಜೆ ಮುಂದೆ ಹೋಗುತ್ತದೆ. ನಮಗೆ ಬಂದ ನಕಲು ಯಂತ್ರಗಳಲ್ಲಿ ಬಹುಪಾಲಿನ ಚಿಪ್ಪು ಹೆಚ್ಚುಕಡಿಮೆ ಮೂಲದಷ್ಟೇ ವೇಗದಲ್ಲಿ ಓಡುತ್ತಿದ್ದುದರಿಂದ ಶ್ರುತಿ ಶೇಕಡಾ ಒಂದರಷ್ಟು ಮಾತ್ರ ಇಳಿಯುತ್ತಿತ್ತು. ಕಾಲ ಮಾತ್ರ ಆರರಲ್ಲಿ ಐದು ಪಾಲಿಗೆ ಇಳಿದುಹೋಗುತ್ತಿತ್ತು. ಟೋಕಿಯೊದ ಮಗು ಮೂರು ನಿಮಿಷದಲ್ಲಿ ಕೇಳಿದ್ದನ್ನು ಚಿಂತಾಮಣಿಯ ಮಗು ಮೂರು ನಿಮಿಷ 36 ಸೆಕೆಂಡಿನಲ್ಲಿ ಕೇಳಿತು. ಡ್ರಮ್ಮಿನ ಸ್ಯಾಂಪಲ್ ಪರದೆಯ ಬಡಿತವನ್ನು ನಂಬಿ ಓಡುವುದಿಲ್ಲವಾದ್ದರಿಂದ ಪೆಟ್ಟು ಮೂಲದ ಹಾಗೇ ಚುರುಕಾಗಿ ಬೀಳುತ್ತಿತ್ತು, ಎರಡು ಪೆಟ್ಟುಗಳ ನಡುವಿನ ಮೌನ ಮಾತ್ರ ಹಿಗ್ಗುತ್ತಿತ್ತು. ಕಾಂಟ್ರಾದ ಮೂಲ ಧ್ವನಿಮುದ್ರಿಕೆಯನ್ನು ಈಗ ಕೇಳಿ ‘ಇದೇಕೆ ಇಷ್ಟು ಅವಸರ’ ಅನ್ನಿಸುವ ನಮ್ಮ ತಲೆಮಾರಿನವರ ಕಿವಿ ತಪ್ಪಿಲ್ಲ. ಅವರು ಕೇಳಿ ಬೆಳೆದದ್ದು ಬೇರೆಯದೇ ಒಂದು ಕಾಲಪ್ರಮಾಣ.

ಸ್ಯಾಂಪಲ್ ಕಲೆ ಅರಳಿದ್ದು ನಿಂಟೆಂಡೊದ ಮುಂದಿನ ಯಂತ್ರದಲ್ಲಿ. 1990ರ ನವೆಂಬರಿನಲ್ಲಿ ಜಪಾನಿನಲ್ಲಿ ಬಿಡುಗಡೆಯಾದ ಸೂಪರ್ ಫ್ಯಾಮಿಕಾಮ್‌ನ ಧ್ವನಿ ಚಿಪ್ಪನ್ನು ವಿನ್ಯಾಸ ಮಾಡಿದವರು ಸೋನಿಯ ಕೆನ್ ಕುಟರಾಗಿ. ಮುಂದೆ ಪ್ಲೇಸ್ಟೇಷನ್ ಹುಟ್ಟುಹಾಕಿದವರೂ ಅವರೇ. ಇದರಲ್ಲಿ ಹುಟ್ಟಿಸಿದ ಅಲೆಗಳ ಮಾತೇ ಇಲ್ಲ. ಎಂಟು ದನಿಗಳು, ಎಂಟೂ ಸ್ಯಾಂಪಲ್. ಹದಿನಾರು ಅಳತೆಗಳನ್ನು 9 ಬೈಟಿಗೆ ಹಿಂಡುವ ಉಪಾಯವಿತ್ತು. ಧ್ವನಿಗೆಂದು ಇದ್ದ ಸ್ಮೃತಿ ಒಟ್ಟು 64 ಕಿಲೋಬೈಟ್. ಯಂತ್ರದ ಪೂರ್ಣ ವೇಗವಾದ ಸೆಕೆಂಡಿಗೆ 32,000 ಅಳತೆಯಲ್ಲಿ ತುಂಬಿದರೆ ಅಷ್ಟೂ ಜಾಗಕ್ಕೆ ಹಿಡಿಯುವುದು 3.6 ಸೆಕೆಂಡಿನ ಸದ್ದು. ಅದೇ ಜಾಗದಲ್ಲಿ ಸಂಗೀತ ನುಡಿಸುವ ತಂತ್ರಾಂಶ, ಹಾಡಿನ ಸ್ವರಗಳು, ಗೇಮಿನ ಇತರ ಸದ್ದುಗಳು ಇರಬೇಕು. ಪ್ರತಿಧ್ವನಿ ಬೇಕೆಂದರೆ ಅದಕ್ಕೂ ಅಲ್ಲಿಂದಲೇ ಜಾಗ ಬಿಡಬೇಕು. ಇಷ್ಟರೊಳಗೆ ಪಿಟೀಲು, ಕೊಳಲು, ತುತ್ತೂರಿ, ಪಿಯಾನೊ, ಡ್ರಮ್ಮು ಎಲ್ಲ ಕೂತು ಒಂದು ಗಂಟೆಯ ಸಂಗೀತ ಕೊಡಬೇಕು.

ಕೊಟ್ಟವು. ಅದು ಹೇಗೆಂದು ನೋಡಿದರೆ ಆ ಸಂಗೀತಗಾರರ ಮೇಲೆ ಗೌರವ ಹುಟ್ಟುತ್ತದೆ. ವಾದ್ಯದ ಸದ್ದಿನಲ್ಲಿ ಕಿವಿ ಗುರುತು ಹಿಡಿಯುವುದು ಮುಖ್ಯವಾಗಿ ಮೊದಲ ಕ್ಷಣವನ್ನು: ತಂತಿಗೆ ಉಗುರು ತಾಗಿದ್ದು, ಬಿಲ್ಲು ಕಚ್ಚಿದ್ದು, ತುಟಿಯಿಂದ ಗಾಳಿ ಹೊರಟದ್ದು. ಅದೊಂದನ್ನು ಉಳಿಸಿಕೊಂಡು, ಆಮೇಲಿನ ಭಾಗದಿಂದ ಅಲೆಯ ಒಂದೇ ಒಂದು ಸಣ್ಣ ತುಣುಕನ್ನು ಕತ್ತರಿಸಿ ಸುತ್ತಿ ಸುತ್ತಿ ನುಡಿಸುತ್ತಿದ್ದರು. ಇದನ್ನು ಲೂಪ್ ಎನ್ನುತ್ತಾರೆ. ಹೀಗೆ ಹತ್ತು ಸೆಕೆಂಡು ಎಳೆದ ಪಿಟೀಲಿನ ಸ್ವರ ನಿಜದಲ್ಲಿ ಸೆಕೆಂಡಿನ ಹತ್ತನೆಯ ಒಂದು ಪಾಲಿನಷ್ಟು ಧ್ವನಿಮುದ್ರಣ. ಒಂದೇ ಸ್ವರವನ್ನು ಮುದ್ರಿಸಿ ಉಳಿದ ಸ್ವರಗಳಿಗೆ ಅದನ್ನೇ ವೇಗ ಹೆಚ್ಚಿಸಿ, ತಗ್ಗಿಸಿ ನುಡಿಸುತ್ತಿದ್ದರು. ಮೂಲದಿಂದ ದೂರ ಹೋದಷ್ಟೂ ವಾದ್ಯದ ಮೈಕಟ್ಟು ಬದಲಾಗುತ್ತದೆ. ಮೇಲಿನ ಸ್ಥಾಯಿಗೆ ಹೋದರೆ ಚಿಕ್ಕ ಮಕ್ಕಳ ಆಟಿಕೆಯ ದನಿ, ಕೆಳಗಿನ ಸ್ಥಾಯಿಯಲ್ಲಿ ಮಂಕು. ಅನುಭವವಿದ್ದವರು ವಾದ್ಯ ಚೆನ್ನಾಗಿ ಕೇಳುವ ಆ ಐದಾರು ಸ್ವರಗಳ ಒಳಗೇ ರಾಗ ಕಟ್ಟುತ್ತಿದ್ದರು. 1994ರ ಡಾಂಕಿ ಕಾಂಗ್ ಕಂಟ್ರಿಯಲ್ಲಿ ಡೇವಿಡ್ ವೈಸ್ ನೀರಿನಾಳದ ಘಟ್ಟಕ್ಕೆ ಮಾಡಿದ ಸಂಗೀತ ಇದರ ತುದಿ. ದುಬಾರಿ ಸಿಂಥಸೈಜರೊಂದು ಒಂದು ಅಲೆಯಿಂದ ಇನ್ನೊಂದಕ್ಕೆ ಜಾರುವ ಬಗೆಯನ್ನು ಅವರು ಪುಟಾಣಿ ಸ್ಯಾಂಪಲ್‌ಗಳನ್ನು ಒಂದರ ಹಿಂದೊಂದು ಕೈಯಿಂದಲೇ ಜೋಡಿಸಿ ತಂದರು. ಆ ಸಂಗೀತವನ್ನು ಯಂತ್ರದ ಮಿತಿ ಮೀರಿದ್ದು ಎಂದು ಹೊಗಳುವುದುಂಟು. ನನಗೆ ಅದು ಮಿತಿಯನ್ನು ಅಂಗೈ ರೇಖೆಯಷ್ಟು ಚೆನ್ನಾಗಿ ಬಲ್ಲವರು ಮಾಡಿದ ಸಂಗೀತ.

ಸೂಪರ್ ಫ್ಯಾಮಿಕಾಮ್ ನಮ್ಮ ಊರುಗಳಿಗೆ ಹೆಚ್ಚಾಗಿ ಬರಲಿಲ್ಲ. ಸ್ಯಾಂಪಲ್ ಸಂಗೀತ ನಮ್ಮಲ್ಲಿಗೆ ಬಂದದ್ದು ವಿಡಿಯೊ ಗೇಮ್ ಪಾರ್ಲರುಗಳ ಮೂಲಕ, ಕಾಯಿನ್ ಹಾಕಿ ಆಡುವ ನಿಲುವು ಪೆಟ್ಟಿಗೆಗಳಲ್ಲಿ. ಅಲ್ಲಿ ಎರಡು ಆಟಗಳು ರಾಜ್ಯವಾಳಿದವು, ಎರಡೂ ಜಪಾನಿನ ಕ್ಯಾಪ್‌ಕಾಮ್ ಕಂಪನಿಯವು. ಒಂದು 1991ರ ಸ್ಟ್ರೀಟ್ ಫೈಟರ್ 2. ಇನ್ನೊಂದು 1993ರ ಕ್ಯಾಡಿಲಾಕ್ಸ್ ಅಂಡ್ ಡೈನೊಸಾರ್ಸ್. ಆ ಹೆಸರು ನಮ್ಮ ಕಡೆ ಯಾರಿಗೂ ಗೊತ್ತಿರಲಿಲ್ಲ, ಹಳದಿ ಟೋಪಿಯ ಪಾತ್ರದ ಹೆಸರಿನಿಂದ ಅದು ಎಲ್ಲರಿಗೂ ಮುಸ್ತಫಾ ಗೇಮ್. ಸ್ಟ್ರೀಟ್ ಫೈಟರ್ ಪೆಟ್ಟಿಗೆಯಲ್ಲಿ ರಾಗವೆಲ್ಲ ಯಮಾಹಾ ಚಿಪ್ಪು ಲೆಕ್ಕ ಹಾಕಿ ಹುಟ್ಟಿಸಿದ್ದು. ಡ್ರಮ್ಮು ಮತ್ತು ‘ಹಡೋಕೆನ್’ ಮುಂತಾದ ಕೂಗುಗಳಿಗೆ ಮಾತ್ರ ಸ್ಯಾಂಪಲ್, ಎಲ್ಲ ಸೇರಿ 256 ಕಿಲೋಬೈಟ್. ಮುಸ್ತಫಾದಲ್ಲಿ ಕ್ಯಾಪ್‌ಕಾಮ್ ಪೂರ್ತಿ ಸ್ಯಾಂಪಲ್ಲಿಗೆ ಬಂದಿತ್ತು: ಕ್ಯೂಸೌಂಡ್ ಎಂಬ ಚಿಪ್ಪು, ಹದಿನಾರು ದನಿ, 2 ಮೆಗಾಬೈಟ್ ಸ್ಮೃತಿ. ಎರಡು ವರ್ಷದಲ್ಲಿ ಎಂಟು ಪಟ್ಟು ಜಾಗ. ಆದರೆ ಆ ಗೇಮಿನ ನಕಲಿ ಬೋರ್ಡುಗಳೂ ಲೋಕವೆಲ್ಲ ಹರಡಿದ್ದವು. ಅಂಥ ಕೆಲವದರಲ್ಲಿ ಕ್ಯೂಸೌಂಡ್ ತೆಗೆದು ಅಗ್ಗದ ಧ್ವನಿ ಚಿಪ್ಪು ಕೂರಿಸಿರುತ್ತಿದ್ದರು, ಸಂಗೀತ ಕುಂಟುತ್ತಿತ್ತು. ಒಂದೇ ಗೇಮನ್ನು ಎರಡು ಊರುಗಳಲ್ಲಿ ಆಡಿದವರು ಅದರ ಸಂಗೀತವನ್ನು ಬೇರೆಬೇರೆಯಾಗಿ ನೆನೆಯುವುದಕ್ಕೆ ಇದೂ ಒಂದು ಕಾರಣವಾಗಿರಬಹುದು.

ಭಾರತದ ವಾದ್ಯ ಗೇಮ್ ಲೋಕಕ್ಕೆ ಬಂದ ಬಗೆ ತಿಳಿಯಲು ಸ್ಟ್ರೀಟ್ ಫೈಟರ್ 2ರ ಧಾಲ್ಸಿಮ್ ಘಟ್ಟ ಸಾಕು. ಹಿನ್ನೆಲೆಯಲ್ಲಿ ಆನೆಗಳು, ಮುಂದೆ ಕೈಕಾಲು ಉದ್ದ ಮಾಡುವ ಯೋಗಿ. ಯೋಕೊ ಶಿಮೊಮುರಾ ಅವರ ರಾಗದಲ್ಲಿ ಸಿತಾರಿನ ಛಾಯೆಯಿದೆ. ಮನಸ್ಸಿಗೆ ಹಿಡಿಸುವ ರಾಗವೇ. ಆದರೆ ಅದು ಸಿತಾರನ್ನು ಕೇಳಿದವರು ಕಟ್ಟಿದ ಸಿತಾರು, ನುಡಿಸಿದವರದಲ್ಲ. ಆ ಕಾಲದ ಬಹುಪಾಲು ಗೇಮ್‌ಗಳಲ್ಲಿ ಭಾರತ ಎಂದರೆ ಇಷ್ಟೇ: ಒಂದು ಮರುಭೂಮಿಯೋ ಅರಮನೆಯೋ, ಒಂದು ಆನೆ, ಸಿತಾರಿನಂಥ ಒಂದು ಮೀಟು.

ಇದು ಗೇಮ್ ಮಾಡುವವರ ಸೋಮಾರಿತನ ಮಾತ್ರವಲ್ಲ, ಅವರ ಕೈಗೆ ಸಿಕ್ಕ ಪಟ್ಟಿಯೇ ಹಾಗಿತ್ತು. 1991ರಲ್ಲಿ ಎಲೆಕ್ಟ್ರಾನಿಕ್ ವಾದ್ಯ ಕಂಪನಿಗಳು ಕೂಡಿ ಜನರಲ್ ಮಿಡಿ ಎಂಬ ಒಪ್ಪಂದ ಮಾಡಿಕೊಂಡವು. ಯಾವ ಕಂಪನಿಯ ಯಂತ್ರದಲ್ಲಾದರೂ 1 ಎಂದರೆ ಪಿಯಾನೊ, 41 ಎಂದರೆ ವಯಲಿನ್. ಒಟ್ಟು 128 ಜಾಗಗಳು. ಅದೇ ವರ್ಷ ಬಂದ ರೋಲೆಂಡ್ ಕಂಪನಿಯ ಎಸ್‌ಸಿ-55 ಎಂಬ ಪೆಟ್ಟಿಗೆ ಆ ಪಟ್ಟಿಗೆ ದನಿ ಕೊಟ್ಟಿತು, ಡೂಮ್‌ನಂಥ (1993) ಕಂಪ್ಯೂಟರ್ ಗೇಮ್‌ಗಳ ಸಂಗೀತಕ್ಕೆ ಆಧಾರವಾಯಿತು. ಆ 128ರಲ್ಲಿ ಭಾರತಕ್ಕೆ ಸಿಕ್ಕಿದ್ದು ಎರಡು: 105ರಲ್ಲಿ ಸಿತಾರ್, 112ರಲ್ಲಿ ಶಹನಾಯ್. ಜಪಾನಿನ ಶಾಮಿಸೆನ್, ಕೊಟೊ, ಶಾಕುಹಾಚಿ, ತೈಕೊ ನಾಲ್ಕೂ ಇವೆ. ವೀಣೆಯಿಲ್ಲ, ನಾಗಸ್ವರವಿಲ್ಲ. ತಾಳವಾದ್ಯಗಳಿಗೆ ಬೇರೆಯೇ ಪಟ್ಟಿಯಿದೆ, ಅಲ್ಲಿ 47 ಸದ್ದುಗಳು. ಲ್ಯಾಟಿನ್ ಅಮೆರಿಕದ ಬೊಂಗೊ, ಕಾಂಗಾ, ಕುಯಿಕಾವರೆಗೆ ಎಲ್ಲಕ್ಕೂ ಜಾಗವಿದೆ. ತಬಲಾ ಇಲ್ಲ, ಮೃದಂಗವಿಲ್ಲ, ನಮ್ಮ ಜನಪದ ಚರ್ಮವಾದ್ಯಗಳ ಸುಳಿವೇ ಇಲ್ಲ. ಜಗತ್ತಿನಲ್ಲಿ ತಾಳವಾದ್ಯದ ಶಾಸ್ತ್ರ ಅತಿ ಆಳವಾಗಿ ಬೆಳೆದ ನಾಡುಗಳಲ್ಲಿ ಒಂದಕ್ಕೆ ಆ ಪಟ್ಟಿಯಲ್ಲಿ ಒಂದು ಪೆಟ್ಟೂ ದಕ್ಕಲಿಲ್ಲ. ಈ ಅನ್ಯಾಯ ನನ್ನನ್ನು ಇಂದಿಗೂ ಕಾಡುತ್ತದೆ, ಏಕೆಂದರೆ ಆ ಪಟ್ಟಿ ಅಲ್ಲಿಗೇ ನಿಲ್ಲಲಿಲ್ಲ. ರೋಲೆಂಡಿನಿಂದ ಪರವಾನಗಿ ಪಡೆದ ಮೂರೂವರೆ ಮೆಗಾಬೈಟಿಗೂ ಕಡಿಮೆಯ ಒಂದು ಕಡತವಾಗಿ ಅದು ವಿಂಡೋಸ್‌ನೊಳಗೆ ಸೇರಿತು. ನಮ್ಮ ಊರುಗಳ ಕಂಪ್ಯೂಟರ್ ತರಬೇತಿ ಕೇಂದ್ರಗಳಲ್ಲಿ, ಸೈಬರ್ ಸೆಂಟರುಗಳಲ್ಲಿ, ಸ್ವರಗಳ ಸೂಚನೆಯಷ್ಟೇ ಇರುವ ಮಿಡಿ ಕಡತ ತೆರೆದವರಿಗೆಲ್ಲ ಕೇಳಿಸಿದ್ದು ಅದೇ ಸಿತಾರು, ಅದೇ ಶಹನಾಯಿ. ಆಮೇಲೆ ಪಾಲಿಫೋನಿಕ್ ರಿಂಗ್‌ಟೋನ್ ಬಂದಾಗ ಮೊಬೈಲಿನಲ್ಲೂ ಆ ಪಟ್ಟಿಯದೇ ಆಳ್ವಿಕೆ.

ಈ ಪಟ್ಟಿಯ ಇನ್ನೊಂದು ಜಾಗವೂ ಮಾತಿಗೆ ಯೋಗ್ಯ. 56ನೆಯದು ‘ಆರ್ಕೆಸ್ಟ್ರಾ ಹಿಟ್’, ಇಡೀ ವಾದ್ಯಮೇಳ ಒಟ್ಟಿಗೆ ಹೊಡೆದ ಒಂದೇ ಪೆಟ್ಟು. ಇದರ ಮೂಲ 1979ರಲ್ಲಿ ಆಸ್ಟ್ರೇಲಿಯಾದ ಪೀಟರ್ ವೊಗೆಲ್ ಮತ್ತು ಕಿಮ್ ರೈರಿ ತಂದ ಫೇರ್‌ಲೈಟ್ ಎಂಬ ಸ್ಯಾಂಪಲ್ ಯಂತ್ರ. ಸ್ಟ್ರಾವಿನ್ಸ್ಕಿಯ ‘ಫೈರ್‌ಬರ್ಡ್’ ಬ್ಯಾಲೆಯ ಧ್ವನಿಮುದ್ರಿಕೆಯಿಂದ ಕತ್ತರಿಸಿದ ಒಂದು ತುಣುಕು ಅದರ ಸಂಗ್ರಹದಲ್ಲಿತ್ತು. ಅದು ಪಾಪ್ ಸಂಗೀತಕ್ಕೆ ನುಗ್ಗಿ, ಇತರ ಕಂಪನಿಗಳು ಅದರಂಥದ್ದನ್ನು ಮಾಡಿ, ಕೊನೆಗೆ ಲೆಕ್ಕವಿಲ್ಲದಷ್ಟು ಗೇಮ್‌ಗಳಲ್ಲಿ ಹೊಡೆದದ್ದಾಯಿತು. ಯಾರೋ ಎಲ್ಲೋ ಒಮ್ಮೆ ನುಡಿಸಿದ ಕ್ಷಣ, ಅವರಿಗೂ ತಿಳಿಯದಂತೆ ಲೋಕದ ಸ್ವತ್ತಾಗುವುದು ಸ್ಯಾಂಪಲ್ಲಿನ ಮೊದಲ ದಿನದಿಂದಲೂ ಬಂದ ಗುಣ.

ನಮ್ಮ ವಾದ್ಯಗಳು ಏಕೆ ಬರಲಿಲ್ಲ ಎಂದು ಕೇಳಿದರೆ ಸಾಮಾನ್ಯವಾಗಿ ಸಿಗುವ ಉತ್ತರ ಗಮಕ. ಸ್ವರಗಳ ನಡುವೆ ಜಾರುವ, ಓಲಾಡುವ ಸಂಗೀತವನ್ನು ಬಿಡಿ ಸ್ವರಗಳ ಯಂತ್ರ ಹಿಡಿಯಲಾರದು ಎಂಬ ವಾದ. ಇದು ಅರ್ಧ ಸತ್ಯ. ಸೂಪರ್ ಫ್ಯಾಮಿಕಾಮಿನ ಶ್ರುತಿ ನಿಯಂತ್ರಣ ಸೂಕ್ಷ್ಮವಾಗಿಯೇ ಇತ್ತು. ಮಿಡಿಯಲ್ಲಿ ಸ್ವರ ಬಾಗಿಸಲು 16,384 ಮೆಟ್ಟಿಲುಗಳಿವೆ. ಜಾರುವುದು ಯಂತ್ರಕ್ಕೆ ಕಷ್ಟವಲ್ಲ. ಕಷ್ಟ ಇರುವುದು ಬೇರೆ ಕಡೆ. ವೀಣೆಯಲ್ಲಿ ತಂತಿ ಎಳೆದಾಗ ಸ್ವರ ಏರುತ್ತದೆ, ಕೊಡದ ಅನುರಣನ ಇದ್ದಲ್ಲೇ ಇರುತ್ತದೆ. ಸ್ಯಾಂಪಲ್ ಜಾರಿಸಿದರೆ ಕೊಡವೂ ಮರವೂ ಸ್ವರದ ಜೊತೆಗೇ ಮೇಲಕ್ಕೆ ಹೋಗುತ್ತವೆ, ವೀಣೆಯೇ ಕುಗ್ಗಿದ ಹಾಗೆ. ಒಂದೇ ಮೀಟಿನಲ್ಲಿ ನಾಲ್ಕೈದು ಸ್ವರ ಹೊಮ್ಮುವ ವಾದ್ಯಕ್ಕೆ ಸ್ವರಸ್ವರಕ್ಕೂ ಹೊಸ ಮೀಟು ಕೊಡುವ ರೂಢಿಯೂ ಒಗ್ಗುವುದಿಲ್ಲ. ತಂಬೂರಿಯದು ಇನ್ನೂ ಬೇರೆ ತೊಡಕು. ಕುದುರೆಯ ಮೇಲೆ ತಂತಿಯಡಿಗೆ ಜೀವಾಳದ ದಾರ ಸರಿಯಾಗಿ ಕೂತಾಗ ಒಂದು ಮೀಟಿನ ಒಳಗೇ ಉಪಸ್ವರಗಳು ಒಂದಾದ ಮೇಲೊಂದು ತೆರೆದುಕೊಳ್ಳುತ್ತ ಹೋಗುತ್ತವೆ, ಅದಕ್ಕೆ ಹಲವು ಸೆಕೆಂಡು ಬೇಕು. ಸಣ್ಣ ಲೂಪಿನಲ್ಲಿ ಅದು ಸತ್ತುಹೋಗುತ್ತದೆ.

ಆದರೆ ಅದೇ ಹೊತ್ತಿಗೆ ಚಿಕ್ಕಬಳ್ಳಾಪುರದಿಂದ ಅರವತ್ತು ಕಿಲೋಮೀಟರ್ ಒಳಗೆ, ಬೆಂಗಳೂರಿನಲ್ಲಿ, ಈ ತಂಬೂರಿಯ ತೊಡಕಿನ ಮೇಲೇ ಜೀವನ ಕಳೆದವರಿದ್ದರು. ಎಂಜಿನಿಯರೂ ಕೊಳಲು ವಾದಕರೂ ಆದ ಜಿ. ರಾಜನಾರಾಯಣ 1970ರ ದಶಕದ ಕೊನೆಗೆ ಎಲೆಕ್ಟ್ರಾನಿಕ್ ಶ್ರುತಿಪೆಟ್ಟಿಗೆ, ತಂಬೂರಿಗಳನ್ನು ಮಾಡಿ ರಾಡೆಲ್ ಸಂಸ್ಥೆ ಕಟ್ಟಿದರು. ಮೊದಲಿನವು ಸರ್ಕ್ಯೂಟು ಹುಟ್ಟಿಸಿದ ನಾದ. ಮುಂದಿನ ಡಿಜಿಟಲ್ ಮಾದರಿಗಳಲ್ಲಿ ನಿಜವಾದ ತಂಬೂರಿಯನ್ನೇ ಮುದ್ರಿಸಿ ತುಂಬಿದರು. ಇವತ್ತು ಸಂಗೀತ ಪಾಠ ನಡೆಯುವ ಮನೆಗಳಲ್ಲಿ ಮೂಲೆಯಲ್ಲಿ ನುಡಿಯುವ ಆ ಪೆಟ್ಟಿಗೆ ಗೇಮ್ ಚಿಪ್ಪಿನ ಹತ್ತಿರದ ಬಂಧು. ಸ್ಮೃತಿಯಲ್ಲಿ ಮೀಟು, ಚಿಪ್ಪಿನಲ್ಲಿ ಶ್ರುತಿ ಬದಲಾವಣೆ, ತಂತ್ರ ಹೆಚ್ಚುಕಡಿಮೆ ಅದೇ. ವ್ಯತ್ಯಾಸ ಒಂದೇ: ಇಲ್ಲಿ ಏನನ್ನು ಉಳಿಸಬೇಕು ಎಂದು ತೀರ್ಮಾನಿಸಿದವರಿಗೆ ತಂಬೂರಿ ಗೊತ್ತಿತ್ತು. ತಂತ್ರಜ್ಞಾನ ಇತ್ತು, ಬಲ್ಲ ಕಿವಿಯೂ ಇತ್ತು, ಗೇಮ್ ಉದ್ಯಮಕ್ಕೆ ಅವು ತಲುಪಲಿಲ್ಲ ಅಷ್ಟೇ. ಬೆಂಗಳೂರಿನಲ್ಲಿ 1997ರಲ್ಲಿ ಧ್ರುವ ಇಂಟರ್‌ಆಕ್ಟಿವ್ ಎಂಬ ಗೇಮ್ ಕಂಪನಿ ಆರಂಭವಾಗುವ ಹೊತ್ತಿಗೆ ಹಳೆಯ ಸ್ಯಾಂಪಲ್ ಯುಗವೇ ಮುಗಿಯುತ್ತ ಬಂದಿತ್ತು. ಅದಕ್ಕೆ ಹೆಸರು ತಂದದ್ದೂ ವಿದೇಶಿ ಗೇಮ್‌ಗಳಿಗೆ ಮಾಡಿಕೊಟ್ಟ ಚಿತ್ರಕಲೆಯ ಕೆಲಸ.

ಗಮಕದ ವಾದ ಪೂರ್ತಿ ಬಿದ್ದುಹೋಗುವುದು ತಮಟೆಯ ಮುಂದೆ. ಚಿಕ್ಕಬಳ್ಳಾಪುರ ಜಿಲ್ಲೆಯ ಸದ್ದು ಯಾವುದು ಎಂದು ಕೇಳಿದರೆ ನಾನು ಹೇಳುವುದು ತಮಟೆ. ಜಾತ್ರೆ, ಊರಹಬ್ಬ, ಮೆರವಣಿಗೆ, ಸಾವು, ಚುನಾವಣೆ, ಎಲ್ಲಕ್ಕೂ ಅದು ಬೇಕು. ಈ ಜಿಲ್ಲೆಯ ಪಿಂಡಿಪಾಪನಹಳ್ಳಿಯ ತಮಟೆ ಕಲಾವಿದ ಮುನಿವೆಂಕಟಪ್ಪ ಅವರಿಗೆ 2023ರಲ್ಲಿ ಪದ್ಮಶ್ರೀ ಬಂದಾಗ ಆ ವಾದ್ಯಕ್ಕೆ ಬಹಳ ತಡವಾಗಿ ಸಿಕ್ಕ ಮನ್ನಣೆ ಎನಿಸಿತು. ಸ್ಯಾಂಪಲ್ ಮಾಡುವವನ ಕಣ್ಣಿನಿಂದ ನೋಡಿದರೆ ತಮಟೆಯಷ್ಟು ಅನುಕೂಲದ ವಾದ್ಯ ಇನ್ನೊಂದಿಲ್ಲ. ಪೆಟ್ಟು ಅರ್ಧ ಸೆಕೆಂಡಿನೊಳಗೆ ಮುಗಿಯುತ್ತದೆ. ಲೂಪ್ ಬೇಡ, ಗಮಕ ಬೇಡ, ಹಲವು ಸ್ವರಗಳಲ್ಲಿ ಮುದ್ರಿಸುವ ಗೋಜಿಲ್ಲ. ಫ್ಯಾಮಿಕಾಮಿನ ಒಂದು ಬಿಟ್ಟಿನ ಲೆಕ್ಕದಲ್ಲಿ ಅದಕ್ಕೆ ಬೇಕಾದದ್ದು 2 ಕಿಲೋಬೈಟ್. ಸೂಪರ್ ಫ್ಯಾಮಿಕಾಮಿನಲ್ಲಿ ಸೆಕೆಂಡಿಗೆ 16,000 ಅಳತೆಯಂತೆ ಹಿಡಿದರೆ ನಾಲ್ಕೂವರೆ ಕಿಲೋಬೈಟ್. ಕಾಂಗಾ ಹಿಡಿಸಿದ ಜಾಗದಲ್ಲಿ ತಮಟೆ ಹಿಡಿಸುತ್ತಿತ್ತು. ಯಂತ್ರದ ಸ್ಮೃತಿ ಅದನ್ನು ಹೊರಗಿಟ್ಟಿಲ್ಲ. ಮೈಕು ಹಿಡಿದವರು ಇತ್ತ ಬರಲಿಲ್ಲ, ಅಷ್ಟೇ. ಹಳೆಯ ಗೇಮ್‌ಗಳ ವಾದ್ಯಲೋಕ ಕಿರಿದಾದದ್ದಕ್ಕೆ ಕಿಲೋಬೈಟುಗಳನ್ನು ದೂರುವುದು ಅಭ್ಯಾಸವಾಗಿದೆ. ಈ ಸಮೀಕ್ಷೆಯಲ್ಲಿ ನನಗೆ ಕಂಡದ್ದು, ಆ ಲೋಕ ಕಿರಿದಾದದ್ದು ಆಯ್ಕೆಯಿಂದ.

ಹೊರಗಿನವರ ಆಯ್ಕೆ ಮಾತ್ರವಲ್ಲ, ನಮ್ಮದೂ ಹೌದು. ತಮಟೆ ದಲಿತರ ಕೈಯ ವಾದ್ಯ. ಊರಿನ ಸಾವಿಗೆ, ಡಂಗುರಕ್ಕೆ ಬಿಟ್ಟಿ ಚಾಕರಿಯಾಗಿ ಬಡಿಸಿಕೊಂಡ ವಾದ್ಯ. ಬಾರಿಸಿದವರು ದೇವಸ್ಥಾನದ ಹೊರಗೆ ನಿಲ್ಲಬೇಕಾಗಿತ್ತು. ಆ ಅವಮಾನ ಬೇಡವೆಂದು ತಮಟೆ ಕೆಳಗಿಟ್ಟ ದಲಿತ ಯುವಕರೂ ಇದ್ದಾರೆ, ಅದನ್ನೇ ಹೋರಾಟದ ದನಿಯಾಗಿ ಎತ್ತಿಕೊಂಡವರೂ ಇದ್ದಾರೆ. ಆಕಾಶವಾಣಿಯ ಶಾಸ್ತ್ರೀಯ ಕಛೇರಿಗೂ ಸಂಗೀತ ಶಾಲೆಗೂ ಬಾರದ ವಾದ್ಯ ಜನರಲ್ ಮಿಡಿ ಪಟ್ಟಿಯಲ್ಲಿ ಇರಬೇಕಿತ್ತು ಎಂದು ಕೇಳುವಾಗ ಇದನ್ನು ಮರೆಯುವ ಹಾಗಿಲ್ಲ. ಇಂದು ಆರ್ಕೆಸ್ಟ್ರಾಗಳಲ್ಲಿ ರಿದಂ ಪ್ಯಾಡಿಗೆ ತಮಟೆಯ ಪೆಟ್ಟು ತುಂಬಿಸಿಕೊಂಡು ಬಾರಿಸುವುದುಂಟು. ಕೇಳಲು ಅದು ತಮಟೆಯೇ. ಆದರೆ ಸದ್ದು ವೇದಿಕೆ ಹತ್ತಿದೆ, ಬಾರಿಸುವವನು ಹತ್ತಿಲ್ಲ. ಸ್ಯಾಂಪಲ್ ವಾದ್ಯವನ್ನು ವಾದಕನಿಂದ ಬಿಡಿಸುತ್ತದೆ ಎಂಬ ಮಾತು ಪಿಯಾನೊ ವಿಷಯದಲ್ಲಿ ಬರೀ ಸೌಂದರ್ಯದ ಪ್ರಶ್ನೆ. ತಮಟೆಯ ವಿಷಯದಲ್ಲಿ ಅದು ಕೂಲಿಯ ಪ್ರಶ್ನೆ, ಮರ್ಯಾದೆಯ ಪ್ರಶ್ನೆ.

ಅರಿವಿಲ್ಲದೆ ಸದ್ದು ಎತ್ತಿಕೊಂಡರೆ ಏನಾಗುತ್ತದೆ ಎಂಬುದಕ್ಕೆ ಗೇಮ್ ಚರಿತ್ರೆಯಲ್ಲೇ ಉದಾಹರಣೆಯಿದೆ. 1998ರ ಜೆಲ್ಡಾ ಸರಣಿಯ ‘ಒಕರಿನಾ ಆಫ್ ಟೈಮ್’ ಗೇಮಿನ ಅಗ್ನಿ ದೇಗುಲದ ಸಂಗೀತದಲ್ಲಿ ಇಸ್ಲಾಂ ಪ್ರಾರ್ಥನೆಯ ದನಿಯಿತ್ತು. ಅಂಗಡಿಯಲ್ಲಿ ಸಿಗುವ ಸ್ಯಾಂಪಲ್ ಸಿಡಿಯಿಂದ ತೆಗೆದದ್ದು. ಆ ಸಂಗೀತಕ್ಕೆ ಅದು ಕೇವಲ ‘ದೂರದ ನಾಡಿನ ದನಿ’, ನಂಬುವವರಿಗೆ ಪವಿತ್ರ ವಾಕ್ಯ. ನಂತರದ ಮುದ್ರಣಗಳಲ್ಲಿ ಆ ದನಿಯನ್ನು ತೆಗೆದುಹಾಕಿದರು. ತೆಗೆದದ್ದು ಸರಿ ಎಂದೇ ನನ್ನ ಅಭಿಪ್ರಾಯ. ಹತ್ತಾರು ದೇಶಗಳ ಹಾಡು, ಪ್ರಾರ್ಥನೆ, ಆಲಾಪಗಳು ಹೆಸರಿಲ್ಲದ ತುಣುಕುಗಳಾಗಿ ಸಿಡಿಗಳಲ್ಲಿ ಮಾರಾಟವಾದ ದಶಕ ಅದು.

ಈಚೆಗೆ ಹಳೆಯ ಸ್ಯಾಂಪಲ್‌ಗಳ ಮೂಲ ಹುಡುಕುವ ದೊಡ್ಡ ಉತ್ಸಾಹ ಎದ್ದಿದೆ. ಯಾವ ಗೇಮಿನ ತುತ್ತೂರಿ ಯಾವ ಕೀಬೋರ್ಡಿನದು, ಯಾವ ಡ್ರಮ್ಮು ಯಾವ ಸಂಗ್ರಹದ್ದು ಎಂದು ಅಭಿಮಾನಿಗಳು ಒಂದೊಂದೇ ಪತ್ತೆ ಹಚ್ಚುತ್ತಿದ್ದಾರೆ. ನಿಂಟೆಂಡೊದ ಹಳೆಯ ಕಡತಗಳು 2020ರಲ್ಲಿ ಸೋರಿ ಹೊರಬಂದ ಮೇಲೆ ಸೂಪರ್ ಮಾರಿಯೊ ವರ್ಲ್ಡ್ ಸಂಗೀತದ ಹಿಂಡದ ಮೂಲ ಸದ್ದುಗಳನ್ನು ಗುರುತಿಸಿ, ಕೋಜಿ ಕೊಂಡೊ ಅವರ ಹಾಡುಗಳನ್ನು ಪೂರ್ಣ ಗುಣಮಟ್ಟದಲ್ಲಿ ಮತ್ತೆ ಕಟ್ಟಿ ‘ಇದೇ ನಿಜವಾದ ರೂಪ’ ಎಂದು ಕೆಲವರು ಸಂಭ್ರಮಿಸಿದರು. ನಾನು ಒಪ್ಪುವುದಿಲ್ಲ. ಆ ಚಿಪ್ಪು ಅಳತೆಗಳ ನಡುವಿನ ಜಾಗ ತುಂಬುವಾಗ ಮೇಲಿನ ಕಂಪನಗಳನ್ನು ಮೃದು ಮಾಡುತ್ತದೆ. ಸಂಗೀತಗಾರ ಕೇಳಿ ತೂಗಿದ್ದು ಆ ಮೃದುವಾದ ದನಿಯನ್ನೇ. ಹಿಂಡದ ಸದ್ದಿನಲ್ಲಿ ತುತ್ತೂರಿ ಕಿವಿಗೆ ಚುಚ್ಚುತ್ತದೆ, ತಾಳ ಮುಂದೆ ನುಗ್ಗುತ್ತದೆ, ತೂಕ ತಪ್ಪುತ್ತದೆ. ಆದರೂ ಈ ಹುಡುಕಾಟದಿಂದ ಒಂದು ದೊಡ್ಡ ಉಪಕಾರವಾಗಿದೆ. ಒಂದು ಸದ್ದಿನ ಹಿಂದೆ ಯಾರೋ ನುಡಿಸಿದವರು ಇದ್ದಾರೆ ಎಂಬ ಪ್ರಜ್ಞೆ ಬಂದಿದೆ.

ಈಗ ಜಾಗದ ಕೊರತೆಯಿಲ್ಲ. ಪುಣೆಯ ನಾಡಿಂಗ್ ಹೆಡ್ಸ್ ಗೇಮ್ಸ್ ಸಂಸ್ಥೆ 2020ರಲ್ಲಿ ತಂದ ‘ರಾಜಿ’ ಗೇಮಿನಲ್ಲಿ ನಮ್ಮ ವಾದ್ಯಗಳು ವಿಸ್ತಾರವಾಗಿ ಕೇಳುತ್ತವೆ. ಸಂಗೀತ ನೀಡಿದವರು ಗ್ರೀಸಿನ ಲಿನೊಸ್ ಝೆಲೊಸ್. ಹಳೆಯ ಯಂತ್ರಗಳಿಗೂ ಹೊಸ ಸಂಗೀತ ಬರೆಯುವವರಿದ್ದಾರೆ, ಫ್ಯಾಮಿಟ್ರ್ಯಾಕರ್‌ನಂಥ ಉಚಿತ ತಂತ್ರಾಂಶದಲ್ಲಿ ಯಾರು ಬೇಕಾದರೂ ತಮ್ಮದೇ ಸ್ಯಾಂಪಲ್ ತುಂಬಬಹುದು. ಇಲ್ಲದಿರುವುದು ತುಂಬಲು ಬೇಕಾದ ಸದ್ದು. ಈಗಾಗಲೇ ಇರುವ ಧ್ವನಿಮುದ್ರಣಗಳು ಸಾಮಾನ್ಯವಾಗಿ ಇಡೀ ಪ್ರದರ್ಶನದವು, ಹತ್ತು ತಮಟೆ ಒಟ್ಟಿಗೆ ಬಾರಿಸಿದವು. ಸ್ಯಾಂಪಲ್ಲಿಗೆ ಬಿಡಿ ಪೆಟ್ಟು ಬೇಕು.

ಅದಕ್ಕೆ ಬೇಕಾದ ಕೆಲಸ ಹೆಚ್ಚಿಲ್ಲ. ಗಾಳಿಯಿಲ್ಲದ ಒಂದು ಸಂಜೆ, ಬಯಲಿನಲ್ಲಿ, ಏಕೆಂದರೆ ತಮಟೆ ಕೋಣೆಯ ವಾದ್ಯವಲ್ಲ. ಬೆಂಕಿಗೆ ಹಿಡಿಯುವ ಮೊದಲು ಚರ್ಮ ಸಡಿಲವಿದ್ದಾಗಿನ ಪೆಟ್ಟು, ಹುಲ್ಲಿನ ಉರಿಗೆ ಕಾಯಿಸಿದ ಮೇಲಿನ ಪೆಟ್ಟು. ಬಲಗೈಯ ಗಿಡ್ಡ ಕೋಲಿನದು ಬೇರೆ, ಎಡಗೈಯ ತೆಳ್ಳನೆ ಕಡ್ಡಿಯದು ಬೇರೆ. ನಡುವೆ ಬಿದ್ದದ್ದು, ಅಂಚಿಗೆ ಬಿದ್ದದ್ದು. ಮೆಲ್ಲಗೆ, ಜೋರಾಗಿ. ಹತ್ತಿರದ ಮೈಕು ಒಂದು, ಇಪ್ಪತ್ತು ಹೆಜ್ಜೆ ದೂರದ ಮೈಕು ಇನ್ನೊಂದು. ಬಾರಿಸಿದವರಿಗೆ ಅಂದಿನ ಕೂಲಿ ಕೈಗೆ, ಕಡತದ ಹೆಸರಿನಲ್ಲೇ ಅವರ ಹೆಸರು ಮತ್ತು ಊರು, ಮಾರಾಟವಾದರೆ ಪಾಲು ಎಷ್ಟೆಂದು ಕಾಗದದಲ್ಲಿ. ಹನ್ನೆರಡು ಬಗೆಯ ಪೆಟ್ಟು ಆಯ್ದರೆ 54 ಕಿಲೋಬೈಟ್. ಸೂಪರ್ ಫ್ಯಾಮಿಕಾಮಿನಲ್ಲಿ ಇನ್ನೂ 10 ಕಿಲೋಬೈಟ್ ಉಳಿಯುತ್ತದೆ, ಒಂದು ಹಾಡಿಗೆ ಅಷ್ಟು ಸಾಕು.